ಐದು ತೆನೆಯ ಪಾಯಸ

ನೈರೋಬಿಗೆ ಹೋಗಿ ಬಂದೆ ಎಂದರೆ ಸಾಕು, ಎಲ್ಲರೂ ಮೊದಲು ಕೇಳುವುದು ಸಿಂಹದ ವಿಷಯ. ನೋಡಿದೆ ಮಹಾರಾಯರೇ, ನೋಡಿದೆ. ಮರದಡಿಯಲ್ಲಿ ನಾಲ್ಕೂ ಕಾಲು ಚಾಚಿ ಮಲಗಿತ್ತು, ನಮ್ಮ ಶಾಲೆಯ ಡ್ರಿಲ್ ಮಾಸ್ತರರು ಮಧ್ಯಾಹ್ನದ ಪೀರಿಯಡ್ಡಿನಲ್ಲಿ ಮಲಗುತ್ತಿದ್ದ ಹಾಗೆ. ಎಷ್ಟು ಹೊತ್ತು ಕಾದರೂ ಬಾಲ ಸಹ ಅಲ್ಲಾಡಿಸಲಿಲ್ಲ. ಸಿಂಹದ ಬಗ್ಗೆ ನನ್ನಲ್ಲಿರುವುದು ಇಷ್ಟೇ. ನಾನು ಹೇಳಹೊರಟಿರುವುದು ಒಂದು ಹಿಡಿಗೂ ಕಡಿಮೆ ಅಕ್ಕಿಯ ಕಥೆ. ಆ ಊರನ್ನು ನೆನೆದಾಗಲೆಲ್ಲ ನನಗೆ ಕೈ ಮುಗಿಯಬೇಕು ಅನಿಸುವುದು ಅದರಿಂದಲೇ.

ಮಂಗಳೂರು

ನಾನು ಹುಟ್ಟಿದ್ದು ಮೈಸೂರಿನಲ್ಲಿ. ಮಂಗಳೂರಿನ ಹೈಸ್ಕೂಲೊಂದರಲ್ಲಿ ಕನ್ನಡ ಕಲಿಸಿ, ರಿಟೈರಾಗಿ, ಅಲ್ಲೇ ಬೇರು ಬಿಟ್ಟೆ. ತಮ್ಮ ಶ್ರೀಪತಿ ನೈರೋಬಿಯಲ್ಲಿ ಡಾಕ್ಟರು. ‘ಒಂದು ಸಲ ಬಾ ಅಕ್ಕ’ ಎಂದು ಅವನು ಬರೆಯುವುದು, ‘ಮುಂದಿನ ವರ್ಷ’ ಎಂದು ನಾನು ಬರೆಯುವುದು, ಹೀಗೇ ಕಾಲ ಹೋಗಿತ್ತು. ಕೊನೆಗೊಮ್ಮೆ ಟಿಕೆಟ್ಟನ್ನೇ ಕಳಿಸಿಬಿಟ್ಟ. ಆ ಸುದ್ದಿ ಕಿವಿಗೆ ಬಿದ್ದದ್ದೇ ತಡ, ಪಕ್ಕದ ಮನೆಯ ಕರ್ಮಿನ್ ಬಾಯಿ ಕಾಂಪೌಂಡಿನ ಹತ್ತಿರ ಬಂದು ನಿಂತರು.

ಕರ್ಮಿನ್ ಬಾಯಿಗೆ ಎಂಬತ್ತರ ಆಸುಪಾಸು. ಅವರ ಮಗ ಆಲ್ಬರ್ಟ್ ಉಗಾಂಡದ ಕಂಪಾಲದಲ್ಲಿ ಡಾಕ್ಟರಾಗಿದ್ದ. ಅಲ್ಲಿನ ಸರ್ವಾಧಿಕಾರಿ ನಮ್ಮವರನ್ನೆಲ್ಲ ಓಡಿಸಿದಾಗಲೂ, ಡಾಕ್ಟರು ಬೇಕಲ್ಲ ಎಂದು ಇವನನ್ನು ಉಳಿಸಿಕೊಂಡರು. ಒಂದು ದಿನ ಯಾರೋ ಕಾರಿನಲ್ಲಿ ಬಂದು ಕರೆದುಕೊಂಡು ಹೋದರು. ಹುಡುಕಿಕೊಂಡು ಹೋದ ಹೆಂಡತಿ ಸ್ಟೆಲ್ಲಾಳೂ ಮರಳಲಿಲ್ಲ. ಹೆಣವಿಲ್ಲ, ಕಾಗದವಿಲ್ಲ, ಸುದ್ದಿಯಿಲ್ಲ. ಉಳಿದ ಎರಡು ಮಕ್ಕಳನ್ನು ಸ್ಟೆಲ್ಲಾಳ ಅಕ್ಕ ಸೆವ್ರಿನ್ ನೈರೋಬಿಗೆ ಕರೆತಂದು ಸಾಕಿದಳು. ಆ ಸರ್ವಾಧಿಕಾರಿ ಓಡಿಹೋದ, ಅವನ ಹಿಂದೆ ಇನ್ನೆಷ್ಟೋ ಜನ ಬಂದು ಹೋದರು, ಮಕ್ಕಳು ದೊಡ್ಡವರಾದರು. ಕರ್ಮಿನ್ ಬಾಯಿ ಮಾತ್ರ ಮಗನ ಬಗ್ಗೆ ‘ಇದ್ದಾನೆ’ ಎಂದಾಗಲಿ ‘ಹೋದ’ ಎಂದಾಗಲಿ ಹೇಳಿದ್ದನ್ನು ನಾನು ಕೇಳಿಲ್ಲ.

ಆಗಷ್ಟೇ ಅವರ ಮೊಂತಿ ಫೆಸ್ತ್ ಮುಗಿದಿತ್ತು. ಸೆಪ್ಟೆಂಬರಿನಲ್ಲಿ ಬರುವ ಮೇರಿಯಮ್ಮನ ಹುಟ್ಟುಹಬ್ಬ ಅದು. ಚರ್ಚಿನಲ್ಲಿ ಹೊಸ ಭತ್ತದ ತೆನೆಗಳನ್ನು ಮಂತ್ರಿಸಿ ಹಂಚುತ್ತಾರೆ. ಮನೆಯಲ್ಲಿ ಎಷ್ಟು ತಲೆಯೋ ಅಷ್ಟು ತೆನೆ. ಕಾಳು ಸುಲಿದು, ತೆಂಗಿನಹಾಲು ಬೆಲ್ಲದ ಪಾಯಸಕ್ಕೆ ಹಾಕಿ, ಮನೆಯ ಯಜಮಾನ ಪ್ರಾರ್ಥನೆ ಮಾಡಿ ಒಬ್ಬೊಬ್ಬರಿಗೂ ಕೊಟ್ಟ ಮೇಲೆಯೇ ಊಟ. ಪರದೇಶದಲ್ಲಿರುವವರ ತೆನೆಯನ್ನು ಅಂಚೆಯಲ್ಲೋ ಹೋಗಿಬರುವವರ ಕೈಯಲ್ಲೋ ಕಳಿಸುತ್ತಾರೆ. ಅದು ತಲುಪಿದ ವಾರ ಅಲ್ಲಿ ಹಬ್ಬ.

ಕರ್ಮಿನ್ ಬಾಯಿ ಬಿಳಿ ಕರವಸ್ತ್ರದಲ್ಲಿ ಸುತ್ತಿದ ಐದು ತೆನೆ ಕೊಟ್ಟರು. ಮಕ್ಕಳಿಬ್ಬರು, ಸೆವ್ರಿನ್ ಒಬ್ಬಳು, ಅಲ್ಲಿಗೆ ಮೂರಾಯಿತು. ಉಳಿದೆರಡು ಯಾರದೆಂದು ಕೇಳುವಷ್ಟು ದಡ್ಡಿ ನಾನಲ್ಲ. ‘ಜಾಗ್ರತೆ ಟೀಚರ್’ ಎಂದರು. ಮೂವತ್ತು ವರ್ಷ ಉತ್ತರಪತ್ರಿಕೆ ಕಾಪಾಡಿದವಳಿಗೆ ಐದು ತೆನೆ ಕಾಪಾಡುವುದು ಯಾವ ಮಹಾ ಎಂದುಕೊಂಡೆ.

ವಿಮಾನ ನಿಲ್ದಾಣ

ವಿಮಾನ ಬೆಳಿಗ್ಗೆ ಇಳಿಯಿತು. ಇಳಿದವಳೇ ಮೆಟ್ಟಿಲೊಂದರಲ್ಲಿ ಎಡವಿದೆ. ಸುತ್ತ ಇದ್ದ ಗುರುತು ಪರಿಚಯವಿಲ್ಲದ ಜನರೆಲ್ಲ ‘ಪೋಲೆ, ಪೋಲೆ’ ಎಂದರು. ನಮ್ಮಲ್ಲಾದರೆ ‘ನೋಡ್ಕೊಂಡು ನಡೀಬಾರದಾ’ ಎನ್ನುತ್ತಿದ್ದರು. ಯಾರು ಎಡವಿದರೂ, ಯಾರ ಮನೆಯಲ್ಲಿ ಸಾವಾದರೂ ಅಲ್ಲಿನವರು ಹೇಳುವುದು ಇದೊಂದೇ ಮಾತಂತೆ. ‘ಅಯ್ಯೋ ಪಾಪ, ನಿನ್ನ ನೋವು ನನಗೂ ಗೊತ್ತಾಯಿತು’ ಎಂದು ಇಟ್ಟುಕೊಳ್ಳಬಹುದು.

ಕಸ್ಟಮ್ಸಿನಲ್ಲಿ ಎತ್ತರದ ಒಬ್ಬ ಹೆಂಗಸಿದ್ದಳು. ತಲೆತುಂಬ ಸಣ್ಣ ಸಣ್ಣ ಜಡೆ. ಪೆಟ್ಟಿಗೆ ಮುಟ್ಟುವ ಮೊದಲು ಕೈಕುಲುಕಿ, ಹೇಗಿದ್ದೀರಿ, ಪ್ರಯಾಣ ಹೇಗಾಯಿತು, ಮನೆಯಲ್ಲಿ ಎಲ್ಲರೂ ಕ್ಷೇಮವೇ ಎಂದು ವಿಚಾರಿಸಿದಳು. ನನ್ನ ಮನಸ್ಸು ಕರಗಿಹೋಯಿತು. ಗಿಡ, ಬೀಜ ಏನಾದರೂ ಇದೆಯೇ ಎಂದು ಕೇಳಿದಾಗ, ಸುಳ್ಳು ಹೇಳಿ ಅಭ್ಯಾಸವಿಲ್ಲದ ಮೇಷ್ಟರಮ್ಮ, ‘ಇದೆ’ ಎಂದೆ.

ಅಷ್ಟೇ. ಕರವಸ್ತ್ರ ಬಿಚ್ಚಿ ನೋಡಿ ತಲೆಯಾಡಿಸಿದಳು. ಮೊಳೆಯುವ ಬೀಜ ಒಳಗೆ ಬಿಡುವಂತಿಲ್ಲ. ಇದು ದೇವರ ಪ್ರಸಾದ ಎಂದೆ. ಯಾವ ದೇವರು ಎಂದಳು. ವಿಭೂತಿ ಹಚ್ಚುವ ಮನೆಯವಳಾದ ನಾನು, ನನಗೆ ಬಂದಷ್ಟು ಇಂಗ್ಲಿಷಿನಲ್ಲಿ, ಮೇರಿಯಮ್ಮನ ಹುಟ್ಟುಹಬ್ಬದ ಮಹಿಮೆ ಒದರಿದೆ. ಅವಳು ಎದೆಯ ಮೇಲೆ ಶಿಲುಬೆಯ ಗುರುತು ಮಾಡಿಕೊಂಡಳು, ಆದರೆ ತೆನೆ ಕೊಡಲಿಲ್ಲ. ಭಕ್ತಿ ಬೇರೆ, ಡ್ಯೂಟಿ ಬೇರೆ. ಅಕ್ಕಿಯಾಗಿದ್ದರೆ ಅಡ್ಡಿಯಿರಲಿಲ್ಲ, ಭತ್ತ ಕೂಡದು ಎಂದಳು.

‘ಹಾಗಾದರೆ ಅಕ್ಕಿಯನ್ನೇ ಮಾಡೋಣ’ ಎಂದು ಅಲ್ಲೇ ಪೆಟ್ಟಿಗೆಯ ಮೇಲೆ ಕೂತು ಉಗುರಿನಿಂದ ಕಾಳು ಸುಲಿಯಲು ಶುರುಮಾಡಿದೆ. ಅವಳು ಸ್ವಲ್ಪ ಹೊತ್ತು ಸೊಂಟದ ಮೇಲೆ ಕೈಯಿಟ್ಟು ನೋಡಿದಳು. ಸಾಲಿನಲ್ಲಿದ್ದ ಕೊನೆಯವನನ್ನು ಕಳಿಸಿ, ಸ್ಟೂಲು ಎಳೆದುಕೊಂಡು ನನ್ನ ಪಕ್ಕ ಕೂತಳು. ನನ್ನ ಉಗುರಿಗಿಂತ ಅವಳ ಉಗುರು ಚುರುಕು. ಅರ್ಧ ತೆನೆ ಜಳ್ಳು ಬೇರೆ. ಯಾರಿಗೆ ಇದೆಲ್ಲ ಎಂದು ಕೇಳಿದಳು. ಕಂಪಾಲದಲ್ಲಿ ಅಪ್ಪ ಅಮ್ಮನನ್ನು ಕಳೆದುಕೊಂಡ ಇಬ್ಬರು ಮಕ್ಕಳಿಗೆ, ಹೀಗೆ ಹೀಗೆ ಎಂದು ಹೇಳಿದೆ. ಅವಳ ಕೈ ನಿಂತಿತು. ತನ್ನ ಊರೂ ಆ ಗಡಿಯ ಹತ್ತಿರವೇ ಎಂದಳು. ‘ಪೋಲೆ ಸಾನಾ’ ಎಂದು ಮೆಲ್ಲಗೆ ಹೇಳಿ ಮತ್ತೆ ಸುಲಿಯತೊಡಗಿದಳು.

ಸುಲಿದು ಮುಗಿದ ಅಕ್ಕಿಯನ್ನು ಒಂದು ಬಿಳಿಯ ಹಾಳೆಯಲ್ಲಿ ಮಡಿಸಿ, ನನ್ನ ಅಂಗೈಯಲ್ಲಿಟ್ಟು, ಬೆರಳುಗಳನ್ನು ಅವಳೇ ಮುಚ್ಚಿದಳು. ಶ್ರೀಪತಿ ಕಾಗದದಲ್ಲಿ ಕಲಿಸಿದ್ದ ಒಂದೇ ಸ್ವಾಹಿಲಿ ಮಾತು ನನಗೆ ಬರುತ್ತಿತ್ತು, ‘ಅಸಾಂಟೆ’, ಅಂದರೆ ಥ್ಯಾಂಕ್ಸ್. ಅದನ್ನೇ ಮೂರು ಸಲ ಹೇಳಿದೆ. ಹೊರಗೆ ಕಾದು ಸುಸ್ತಾಗಿದ್ದ ತಮ್ಮನಿಗೆ ನನ್ನ ಪರಾಕ್ರಮವನ್ನು ಮನೆ ಸೇರುವ ತನಕ ಕೊಚ್ಚಿಕೊಂಡೆ.

ಪಂಗಾನಿ

ಸೆವ್ರಿನ್ ಮನೆ ಪಂಗಾನಿಯಲ್ಲಿ, ತಮ್ಮನ ಮನೆಯಿಂದ ಎರಡು ಬೀದಿ ಆಚೆ. ಕೆಳಗೆ ಗುಜರಾತಿಯವನ ಬಟ್ಟೆ ಅಂಗಡಿ, ಮೇಲೆ ಇವರು. ಮಾರನೆಯ ಸಂಜೆ ನಾನು ಹೋದಾಗ ಬಾಗಿಲಲ್ಲೇ, ‘ಬನ್ನಿ ಟೀಚರ್, ದಾರಿಯಲ್ಲಿ ತೊಂದ್ರೆ ಎಂತ ಆಗ್ಲಿಲ್ಲ ಅಲ್ಲ?’ ಎಂದು ಎರಡೂ ಕೈ ಹಿಡಿದಳು. ಅಷ್ಟು ದೂರದಲ್ಲಿ ಆ ಮಂಗಳೂರು ಕನ್ನಡ ಕೇಳಿ ಹೊಟ್ಟೆ ತಣ್ಣಗಾಯಿತು. ಅವಳೂ ಶಾಲೆಯಲ್ಲಿ ಕಲಿಸುವವಳೇ. ಮದುವೆಯಾಗಲಿಲ್ಲ. ಎರಡು ಮಕ್ಕಳು ಒಟ್ಟಿಗೇ ಮಡಿಲಿಗೆ ಬಿದ್ದ ಮೇಲೆ ಅದಕ್ಕೆ ಪುರುಸೊತ್ತು ಎಲ್ಲಿ ಎಂದು ಅವಳೇ ನಗುತ್ತಾಳೆ.

ಹುಡುಗಿ ಐರಿನ್‌ಗೆ ಇಪ್ಪತ್ತೈದು, ಅದೇ ಊರಿನ ಗಿಗಿರಿ ಬಡಾವಣೆಯ ಒಂದು ಆಫೀಸಿನಲ್ಲಿ ಕೆಲಸ. ಅವಳ ತಮ್ಮ ಮೆಲ್ವಿನ್ ಕಾಲೇಜು ಓದುವವನು. ಇಬ್ಬರಿಗೂ ನನ್ನ ಕನ್ನಡ ಪೂರ್ತಿ ಅರ್ಥವಾಗುತ್ತದೆ, ಉತ್ತರ ಮಾತ್ರ ಇಂಗ್ಲಿಷಿನಲ್ಲಿ. ನನ್ನ ತಮ್ಮನ ಮಕ್ಕಳದೂ ಅದೇ ಕಥೆ. ನಾನು ಒಂದು ದಡದಲ್ಲಿ, ಅವರು ಇನ್ನೊಂದರಲ್ಲಿ, ಆದರೂ ಮಾತು ನಡೆಯುತ್ತದೆ.

ಒಳಕೋಣೆಯ ಗೋಡೆಗೆ ಅವರ ದೇವರ ಪೀಠ. ಮೇರಿಯಮ್ಮನ ಪಟದ ಮುಂದೆ ಗಾಜಿನ ಹೂದಾನಿಯೊಂದರಲ್ಲಿ ಒಣಗಿದ ಭತ್ತದ ತೆನೆಗಳು. ಎರಡೆರಡನ್ನು ದಾರದಿಂದ ಕಟ್ಟಿ ನಿಲ್ಲಿಸಿದ್ದರು. ಕೆಲವು ತೀರ ಹಳತಾಗಿ ಬೂದಿಬಣ್ಣಕ್ಕೆ ತಿರುಗಿದ್ದವು. ಚೆಂದಕ್ಕೆ ಇಟ್ಟಿದ್ದಾರೆ ಎಂದುಕೊಂಡೆ.

ಚಹ ಕುಡಿಯುತ್ತಾ ವಿಮಾನ ನಿಲ್ದಾಣದ ಕಥೆಯನ್ನು ಉಪ್ಪುಖಾರ ಹಚ್ಚಿ ಹೇಳಿದೆ. ಮೆಲ್ವಿನ್ ಹೊಟ್ಟೆ ಹಿಡಿದುಕೊಂಡು ನಕ್ಕ. ಕಥೆಯ ಕೊನೆಗೆ ಜಾದೂಗಾರನ ಗತ್ತಿನಲ್ಲಿ ಹಾಳೆಯ ಪೊಟ್ಟಣ ತೆಗೆದು ಐರಿನ್ ಕೈಗೆ ಕೊಟ್ಟೆ. ಅವಳು ಬಿಡಿಸಿ ನೋಡಿದಳು. ಬೆರಳಲ್ಲಿ ಅಕ್ಕಿಯನ್ನು ಅತ್ತ ಇತ್ತ ಸರಿಸಿದಳು.

‘ಇದರಲ್ಲಿ ಅವರದು ಯಾವುದು ಆಂಟಿ?’ ಎಂದಳು.

ಆಮೇಲೆ ಅವಳು ಹೂದಾನಿಯ ಕಡೆ ನೋಡಿದಾಗ ನನ್ನ ಮಂಕುಬುದ್ಧಿಗೆ ಬೆಳಕಾಯಿತು. ಪ್ರತಿವರ್ಷ ಐದು ತೆನೆ ಬಂದಾಗ ಮೂರನ್ನು ಸುಲಿದು ಪಾಯಸಕ್ಕೆ ಹಾಕುತ್ತಿದ್ದರು. ಅಪ್ಪ ಅಮ್ಮನ ಎರಡು ತೆನೆಗಳನ್ನು ಇಡಿಯಾಗಿ, ಅವರು ಬಂದಾಗ ತಿನ್ನಲಿ ಎಂದು, ದೇವರ ಮುಂದೆ ತೆಗೆದಿಡುತ್ತಿದ್ದರು. ನಾನು ಮಹಾ ಜಾಣೆ ಐವರ ಪಾಲನ್ನೂ ಸುಲಿದು ಒಂದೇ ರಾಶಿ ಮಾಡಿ ತಂದಿದ್ದೆ. ಒಮ್ಮೆ ಸುಲಿದದ್ದು ಮತ್ತೆ ತೆನೆಯಾಗುವುದಿಲ್ಲ.

ಐರಿನ್ ಬಯ್ಯಲಿಲ್ಲ. ಹಾಳೆಯನ್ನು ಮೊದಲಿನ ಹಾಗೆಯೇ ಮಡಿಸಿ ಪೀಠದ ಮೇಲಿಟ್ಟು, ತಲೆನೋವೆಂದು ಕೋಣೆಗೆ ಹೋದಳು. ಬೈದಿದ್ದರೆ ನನಗೆ ಎಷ್ಟೋ ಹಗುರವಾಗುತ್ತಿತ್ತು. ಸೆವ್ರಿನ್ ನನ್ನನ್ನು ಅಡುಗೆಮನೆಗೆ ಕರೆದು, ನಿಮ್ಮ ತಪ್ಪಲ್ಲ ಟೀಚರ್, ಯಾರಾದರೂ ಹಾಗೇ ಮಾಡುತ್ತಿದ್ದರು ಎಂದು ಸಮಾಧಾನ ಹೇಳಿದಳು. ಆ ಎರಡು ತೆನೆ ಏನು ಮಾಡಬೇಕೆಂದು ಕರ್ಮಿನ್ ಬಾಯಿಯನ್ನು ತಾನೂ ಯಾವತ್ತೂ ಕೇಳಿರಲಿಲ್ಲವಂತೆ. ಅವರು ಬೀಗರ ಕಡೆಯವರು, ಮಗನನ್ನು ಕಳೆದುಕೊಂಡವರು, ಅವರ ಹತ್ತಿರ ಹೇಗೆ ಕೇಳುವುದು? ತೆಗೆದಿಡಬೇಕೆಂದು ಹಟ ಹಿಡಿದದ್ದು ಐರಿನ್, ಆಗಿನ್ನೂ ಲಂಗ ಹಾಕುವ ಹುಡುಗಿ.

ಸಿಟಿ ಪಾರ್ಕ್

ಶನಿವಾರ ಐರಿನ್ ತಾನಾಗಿಯೇ ಬಂದು, ಪಾರ್ಕಿಗೆ ಹೋಗೋಣವಾ ಆಂಟಿ ಎಂದಳು. ನಡೆದೇ ಹೋದೆವು. ಬೀದಿಯಲ್ಲಿ ಮಟಾಟು ಎಂಬ ಬಾಡಿಗೆ ವ್ಯಾನುಗಳು ಜನರನ್ನು ಹೊರಗೆ ತೂಗುಹಾಕಿಕೊಂಡು, ಹಾಡು ಹಾಕಿಕೊಂಡು ಓಡುತ್ತಿದ್ದವು. ನಮ್ಮ ಸಿಟಿ ಬಸ್ಸಿನವರಿಗೆ ಇವರ ಮುಂದೆ ಏನೂ ಗೊತ್ತಿಲ್ಲ. ಸೆಪ್ಟೆಂಬರ್ ಎಂದರೂ ಸ್ವೆಟರ್ ಬೇಕಾಗುವ ಚಳಿ, ಮೈಸೂರಿನ ಮಾರ್ಗಶಿರದ ಹಾಗೆ.

ಪಾರ್ಕಿನಲ್ಲಿ ಕೂತು ಹುರಿದ ಶೇಂಗಾ ಬಿಚ್ಚಿದ್ದೇ ತಡ, ಮರದಿಂದ ಒಂದು ಕೋತಿ ಇಳಿದು ಪೊಟ್ಟಣ ಕಸಿದುಕೊಂಡು ಹೋಯಿತು. ಪಕ್ಕದ ಬೆಂಚಿನ ಮುದುಕ ಎದ್ದು ಬಂದು, ‘ಪೋಲೆ’ ಎಂದು ತನ್ನ ಪೊಟ್ಟಣದಲ್ಲಿ ಅರ್ಧ ಶೇಂಗಾ ನನ್ನ ಸೆರಗಿಗೆ ಸುರಿದ. ಐರಿನ್ ನಕ್ಕಳು. ಅವಳು ನಕ್ಕದ್ದನ್ನು ಕಂಡು, ಕ್ಷಮಿಸು ಮಗಳೇ ಎಂದೆ.

ಸಮಾಧಾನ ಹೇಳುವ ಉತ್ಸಾಹದಲ್ಲಿ ನಮ್ಮ ಮನೆಯ ಒಂದು ಸಂಗತಿಯನ್ನೂ ಹೇಳಿದೆ. ನಮ್ಮ ಅಜ್ಜಿಯ ತಮ್ಮ ಮನೆ ಬಿಟ್ಟು ಹೋದವರು ಮರಳಲಿಲ್ಲ. ಹನ್ನೆರಡು ವರ್ಷ ಕಾದು, ಪುರೋಹಿತರನ್ನು ಕರೆಸಿ, ದರ್ಭೆಯಲ್ಲಿ ಮನುಷ್ಯನ ರೂಪ ಮಾಡಿ ಅದಕ್ಕೇ ಸಂಸ್ಕಾರ ಮಾಡಿದರು. ಅಜ್ಜಿ ಅವತ್ತು ಹೊಟ್ಟೆ ತುಂಬ ಅತ್ತು ಹಗುರವಾದಳಂತೆ. ನಮ್ಮಲ್ಲಿ ಕಾಯುವುದಕ್ಕೂ ಒಂದು ಗಡುವು ಇದೆ ಎಂದೆ.

ಐರಿನ್ ಯೋಚಿಸಿದಳು. ಹನ್ನೆರಡು ಸಾಕು ಎಂದು ಯಾರು ಹೇಳಿದರು ಎಂದು ಕೇಳಿದಳು. ಶಾಸ್ತ್ರ ಎಂದೆ. ನಿಮ್ಮ ಅಜ್ಜಿ ಅದೃಷ್ಟವಂತೆ ಎಂದಳು. ಅದು ಕುಹಕವಲ್ಲ, ನಿಜವಾಗಿಯೇ ಹೇಳಿದ್ದು. ಬದುಕಿದ್ದಾರೆ ಎಂದು ಪೂಜೆ ಮಾಡಲೂ, ತೀರಿಕೊಂಡಿದ್ದಾರೆ ಎಂದು ಮಾಡಲೂ ತಮ್ಮ ಪಾದ್ರಿಗಳು ತಯಾರಿದ್ದಾರಂತೆ. ಯಾವುದನ್ನು ಕೇಳುವುದೆಂದು ತಿಳಿಯದವಳು ತಾನೇ ಎಂದಳು.

ಆಮೇಲೆ ಆ ದಿನದ ಮಾತು ತೆಗೆದಳು. ಕಂಪಾಲದಲ್ಲಿ ಮಧ್ಯಾಹ್ನದ ಊಟಕ್ಕೆ ಕೂತಿದ್ದರು. ಗೇಟಿನ ಹತ್ತಿರ ಕಾರು ನಿಂತಿತು. ಅಪ್ಪ ಕೈ ತೊಳೆದು ಎದ್ದರು. ಮಗಳ ತಲೆ ಮುಟ್ಟಿ, ಕೊಂಕಣಿಯವರು ಮಕ್ಕಳನ್ನು ಮುದ್ದಿನಿಂದ ಕರೆಯುವ ಹಾಗೆ, ‘ನಂದು ತೆಗೆದಿಡು ಪುತಾ, ಬಂದುಬಿಡ್ತೇನೆ’ ಎಂದರು. ಅವಳು ಆ ತಟ್ಟೆಯ ಮೇಲೆ ಇನ್ನೊಂದು ತಟ್ಟೆ ಮುಚ್ಚಿಟ್ಟಳು. ಅಮ್ಮ ಹುಡುಕಲು ಹೋದ ದಿನವೂ ತಟ್ಟೆ ಹಾಗೆಯೇ ಇತ್ತು. ಸೆವ್ರಿನ್ ಮಾವ್ಶಿ ಬಂದು ಮನೆ ಖಾಲಿ ಮಾಡುವಾಗ ಯಾರೋ ಅದನ್ನು ತೊಳೆದುಬಿಟ್ಟರು.

‘ನನಗೆ ಹೇಳಿ ಹೋದದ್ದು ಆಂಟಿ. ಮೆಲ್ವಿನ್‌ಗೆ ಅಲ್ಲ, ಮಮ್ಮಿಗೂ ಅಲ್ಲ. ನನಗೆ.’

ಇದನ್ನು ಅವಳು ಕನ್ನಡದಲ್ಲೇ ಹೇಳಿದಳು. ಊರಿಂದ ಊರಿಗೆ ಉಪದೇಶ ಹೊತ್ತು ತಂದವಳು ಸೆರಗಿನ ಶೇಂಗಾವನ್ನು ಅವಳ ಕೈಗೆ ಹಾಕಿದೆ.

ಭಾನುವಾರ

ಹಬ್ಬದ ಊಟಕ್ಕೆ ನಾನೊಬ್ಬಳೇ ಅತಿಥಿ. ಮೊಂತಿ ಹಬ್ಬದಂದು ಅವರು ಮೀನು ಮಾಂಸ ಮುಟ್ಟುವುದಿಲ್ಲ, ತರಕಾರಿ ಬೆಸಸಂಖ್ಯೆಯಲ್ಲಿರಬೇಕು. ಊರಿನ ಹರಿವೆ ಸಿಗದೆ ಅಲ್ಲಿನವರ ದಿನನಿತ್ಯದ ಸುಕುಮಾ ಸೊಪ್ಪಿಗೆ ತೆಂಗಿನಕಾಯಿ ಹಾಕಿದ್ದರು. ತೆಂಗಿನಕಾಯಿ ಮೊಂಬಾಸದ್ದು. ಬೆಂಡೆ, ಹೀರೆ, ಕೆಸುವಿನ ದಂಟು, ಬೆರಳಿಟ್ಟು ಎಣಿಸಿದರೆ ಏಳು ಬಗೆ. ಬಾಳೆಲೆಯ ಮುಂದೆ ಕೂತಾಗ ನಮ್ಮ ಮನೆಯಲ್ಲೇ ಇದ್ದ ಹಾಗಾಯಿತು.

ಪಾಯಸದ ಪಾತ್ರೆ ಮಧ್ಯದಲ್ಲಿತ್ತು. ಪಕ್ಕದಲ್ಲಿ ತಟ್ಟೆಯೊಂದರಲ್ಲಿ ನಾನು ತಂದ ಅಕ್ಕಿ. ಸೆವ್ರಿನ್, ಅಂದಾಜಿನಲ್ಲಿ ಎರಡು ಪಾಲು ತೆಗೆದು ಬಟ್ಟೆಯಲ್ಲಿ ಕಟ್ಟಿ ಇಡೋಣ ಎಂದಳು. ಐರಿನ್ ತಲೆಯಾಡಿಸಿ ಎರಡು ಬೆರಳಲ್ಲಿ ಕಾಳು ಬೇರೆ ಮಾಡತೊಡಗಿದಳು. ಒಂದು ಸಣ್ಣ ಗುಡ್ಡೆ ಮಾಡುತ್ತಾಳೆ, ನಾಲ್ಕು ಕಾಳು ವಾಪಸು ಹಾಕುತ್ತಾಳೆ, ಮತ್ತೆ ತೆಗೆಯುತ್ತಾಳೆ. ನೋಡಲಾಗದೆ ನಾನು ಎಲೆಯ ಕಡೆ ಮುಖ ಮಾಡಿದೆ.

ಅಷ್ಟು ದಿನವೂ ನಗುತ್ತಾ ನಗಿಸುತ್ತಾ ಇದ್ದ ಮೆಲ್ವಿನ್ ಆಗ ಅವಳ ಕೈ ಹಿಡಿದ. ಅವನು ಹೇಳಿದ್ದು ಇಂಗ್ಲಿಷಿನಲ್ಲಿ. ನನ್ನ ಮನಸ್ಸಿನಲ್ಲಿ ಉಳಿದದ್ದು ಹೀಗೆ:

‘ನಿನಗೆ ಅವರ ಜೊತೆ ಕೂತು ಊಟ ಮಾಡಿದ ನೆನಪಾದರೂ ಇದೆ. ನನಗೆ ಅದೂ ಇಲ್ಲ. ಒಂದು ಸಲ ಅವರ ಜೊತೆ ಊಟ ಮಾಡಿಬಿಡ್ತೇನೆ, ಬಿಡು.’

ಸೆವ್ರಿನ್ ಸೆರಗು ಬಾಯಿಗೆ ಒತ್ತಿಕೊಂಡಳು. ಐರಿನ್ ತಮ್ಮನ ಮುಖವನ್ನೇ ನೋಡಿದಳು. ನೋಡಿ ನೋಡಿ, ಬೇರೆ ಮಾಡಿದ ಕಾಳನ್ನೆಲ್ಲ ಮತ್ತೆ ರಾಶಿಗೆ ಸೇರಿಸಿ, ತಟ್ಟೆಯನ್ನು ಅವನ ಕಡೆ ತಳ್ಳಿದಳು. ನೀನೇ ಹಾಕು, ಇದು ಪಪ್ಪಾ ಮಾಡಬೇಕಾದ ಕೆಲಸ ಎಂದಳು. ಅಷ್ಟು ವರ್ಷವೂ ಆ ಮನೆಯಲ್ಲಿ ಯಜಮಾನನ ಕೆಲಸವನ್ನು ಸೆವ್ರಿನ್ನೇ ಮಾಡುತ್ತಿದ್ದಳು.

ಮೆಲ್ವಿನ್ ಎದ್ದು ನಿಂತು ಅಕ್ಕಿಯನ್ನೆಲ್ಲ ಪಾಯಸಕ್ಕೆ ಸುರಿದ. ಕೊಂಕಣಿಯಲ್ಲಿ ಪ್ರಾರ್ಥನೆ ಹೇಳಿದ, ಎರಡು ಕಡೆ ತಪ್ಪಿ ಮಾವ್ಶಿಯ ಮುಖ ನೋಡಿದ. ಹಿರಿಯರಿಗೆ ಮೊದಲು ಎಂದು ನನಗೇ ಮೊದಲ ಚಮಚ. ಆಮೇಲೆ ಸೆವ್ರಿನ್, ಐರಿನ್, ಕೊನೆಗೆ ತಾನು. ಪಾತ್ರೆಯಲ್ಲಿ ಇನ್ನೂ ಉಳಿದಿತ್ತು. ಇನ್ನೊಂದು ಚಮಚ ತುಂಬಿ ಅಕ್ಕನ ಮುಂದೆ ಹಿಡಿದು, ಪಪ್ಪಾಂದು ಎಂದ. ಅವಳು ಬಾಯಿ ತೆರೆದಳು. ಅವಳೂ ಒಂದು ಚಮಚ ತುಂಬಿ, ಮಮ್ಮಿದು ಎಂದು ಅವನ ಬಾಯಿಗಿಟ್ಟಳು.

ಐರಿನ್ ತುಂಬ ಹೊತ್ತು ಅಗಿದಳು. ಆಮೇಲೆ ನಾಲಿಗೆಯ ತುದಿಯಿಂದ ಏನನ್ನೋ ತೆಗೆದು ಬೆರಳಲ್ಲಿ ಹಿಡಿದು, ‘ಆಂಟಿ, ಹೊಟ್ಟು ಬಿಟ್ಟಿದ್ದೀರಿ’ ಎಂದಳು. ಎಲ್ಲರೂ ನಕ್ಕೆವು. ನಗುತ್ತಾ ಇದ್ದವಳು ಅಳತೊಡಗಿದಳು. ಸೆವ್ರಿನ್ ಅವಳ ತಲೆಯನ್ನು ತನ್ನ ಹೆಗಲಿಗೆ ಎಳೆದುಕೊಂಡಳು. ನಾನೂ ಅತ್ತೆ, ನಾಚಿಕೆ ಏನು ಬಂತು? ಆ ಪಂಕ್ತಿಯಲ್ಲಿ ನನಗೊಂದು ಎಲೆ ಹಾಕಿದ್ದಕ್ಕೆ ಆ ಮನೆಯವರಿಗೆ ನಾನು ಇವತ್ತಿಗೂ ಋಣಿ.

ಊರಿಗೆ ಹೊರಡುವ ದಿನ ಐರಿನ್ ನನ್ನನ್ನು ಬೀಳ್ಕೊಡಲು ಬಂದಳು. ಹೂದಾನಿಗೆ ಈ ವರ್ಷ ಏನೂ ಸೇರಲಿಲ್ಲ ಎಂದಳು. ವ್ಹಡ್ಲಿಮಾಂಯ್, ಅಂದರೆ ಅಜ್ಜಿ ಕರ್ಮಿನ್ ಬಾಯಿ, ಏನು ತಿಳಿದುಕೊಳ್ಳುತ್ತಾರೋ, ಇವರು ಆಸೆ ಬಿಟ್ಟುಬಿಟ್ಟರು ಎಂದುಕೊಂಡರೆ ಎಂದು ಅವಳಿಗೆ ಅಳುಕು. ಆದರೂ ಅಜ್ಜಿಗೆ ಸುಳ್ಳು ಹೇಳಬೇಡಿ ಆಂಟಿ, ಆದದ್ದು ಆದ ಹಾಗೆ ಹೇಳಿ ಎಂದಳು. ವಿಮಾನ ನಿಲ್ದಾಣದಲ್ಲಿ ಸಣ್ಣ ಜಡೆಗಳ ಆ ಹೆಂಗಸಿಗಾಗಿ ಕಣ್ಣಾಡಿಸಿದೆ. ಅವತ್ತು ಬೇರೆ ಯಾರೋ ಇದ್ದರು.

ಮತ್ತೆ ಮಂಗಳೂರು

ಪೆಟ್ಟಿಗೆ ಇಳಿಸಿ, ಕಾಲು ತೊಳೆದು, ನೇರ ಕರ್ಮಿನ್ ಬಾಯಿಯ ಮನೆಗೆ ಹೋದೆ. ಪರೀಕ್ಷೆಗೆ ಹೋಗುವ ಹುಡುಗಿಯ ಹಾಗೆ ಹೇಳಬೇಕಾದ್ದನ್ನೆಲ್ಲ ಉರು ಹೊಡೆದುಕೊಂಡಿದ್ದೆ. ಏನನ್ನೂ ಮುಚ್ಚಿಡಲಿಲ್ಲ. ತೆನೆ ಸುಲಿದದ್ದು, ಒಂದೇ ರಾಶಿಯಾದದ್ದು, ಹೂದಾನಿ, ತಟ್ಟೆ ಮುಚ್ಚಿಟ್ಟ ಕಥೆ, ಭಾನುವಾರದ ಪಾಯಸ. ಅವರು ಜಪಸರ ಕೈಯಲ್ಲಿ ಹಿಡಿದು ಕಣ್ಣು ಮುಚ್ಚಿ ಕೇಳಿದರು. ನಡುವೆ ಒಮ್ಮೆ ಕಣ್ಣು ತೆರೆದು, ಆ ಕಸ್ಟಮ್ಸಿನ ಹೆಂಗಸಿನ ಹೆಸರೇನು ಎಂದರು. ಕೇಳಲಿಲ್ಲ ಎಂದೆ. ಎಂಥ ಟೀಚರ್ ನೀವು, ಅವಳಿಗೆ ಪ್ರಾರ್ಥನೆ ಮಾಡುವುದು ಹೇಗೆ ಎಂದು ಗದರಿದರು.

ಕಥೆ ಮುಗಿಯಿತು. ಹೂದಾನಿಯಲ್ಲಿ ಎಷ್ಟು ವರ್ಷದ್ದು ಉಂಟು ಎಂದು ಕೇಳಿದರು. ಎಲ್ಲ ವರ್ಷದ್ದೂ ಎಂದೆ.

‘ನಾನು ತಿನ್ಲಿಕ್ಕೆ ಅಂತ ಕಳಿಸಿದ್ದಲ್ವಾ, ಇಡ್ಲಿಕ್ಕೆ ಅಲ್ಲ’ ಎಂದರು. ‘ನಮ್ಮ ಇವರು, ಆಲ್ಬರ್ಟನ ಪಪ್ಪಾ, ಹಡಗಿನಲ್ಲಿ ಕೆಲಸಕ್ಕೆ ಇದ್ದದ್ದು. ಹಬ್ಬಕ್ಕೆ ಒಂದು ವರ್ಷವೂ ಮನೆಯಲ್ಲಿ ಇದ್ದದ್ದಿಲ್ಲ. ಹೋಗುವಾಗ ಪ್ರತಿಸಲ ಆಲ್ಬರ್ಟನ ತಲೆ ಮುಟ್ಟಿ ಹೇಳಿ ಹೋಗುವುದು, ನಂದು ತೆಗೆದಿಡು ಪುತಾ ಅಂತ. ಅವನು ತೆಗೆದಿಡುವುದು. ಸಂಜೆ ಆಗುವಾಗ ಅವನೇ ತಿಂದು ಮುಗಿಸುವುದು. ಕೇಳಿದರೆ, ಪಪ್ಪಾಂದು ನಾನಲ್ಲದೆ ಮತ್ತೆ ಯಾರು ತಿನ್ನಬೇಕು ಅಂತ ನನ್ನನ್ನೇ ಕೇಳ್ತಿದ್ದ.’

ಹೇಳುತ್ತಾ ಅವರಿಗೆ ನಗು ಬಂತು. ನಗುತ್ತಲೇ ಕಣ್ಣು ಒರೆಸಿಕೊಂಡರು. ಇದನ್ನು ಆ ಹುಡುಗಿಗೆ ಈಗಲೇ ಬರೆಯಿರಿ ಟೀಚರ್, ನಾಳೆ ಅಂತ ಇಡಬೇಡಿ ಎಂದರು.

ಮನೆಗೆ ಬಂದವಳೇ, ಪೆಟ್ಟಿಗೆ ಬಿಚ್ಚುವ ಮೊದಲು, ಬರೆದೆ.